ಇಳಿಯಲೊಪ್ಪದ ಹಸು

ದನದ ಮೈಮೇಲಿನ ಸುಳಿ ನೋಡಿ ಅದರ ಗುಣ ಹೇಳುವವರನ್ನು ಕಂಡರೆ ನನಗೆ ಮೊದಲಿನಿಂದಲೂ ಮೈ ಉರಿ. ಚಳ್ಳಕೆರೆ ಸಂತೆಯಲ್ಲಿ ಹಲ್ಲು ನೋಡುವ ಮೊದಲೇ ಬೆನ್ನಿನ ಕೂದಲು ಸವರುತ್ತಾ ನಿಲ್ಲುವವರನ್ನು ಎಷ್ಟೋ ಸಲ ಗೇಲಿ ಮಾಡಿದ್ದೇನೆ. ಪಶುವೈದ್ಯನಾದವನಿಗೆ ಅಷ್ಟಾದರೂ ಜಂಬ ಬೇಡವೇ ಎಂದುಕೊಳ್ಳುತ್ತಿದ್ದೆ.

ಮೊಳಕಾಲ್ಮೂರಿನ ಕಡೆಯ ಒಂದು ಹಳ್ಳಿಯಲ್ಲಿ, ಗುಡ್ಡದ ಮಗ್ಗುಲಿಗೆ ಮನೆಯಿದ್ದ ಹೆಂಗಸೊಬ್ಬಳು ಒಂದು ಬೆಳಿಗ್ಗೆ ನನ್ನನ್ನು ಕರೆಸಿದಳು. ಐವತ್ತರ ಆಸುಪಾಸು, ಇದ್ದದ್ದು ಒಂದೇ ಹಸು. "ಮೇವು ಅರೆಬರೆ ತಿಂತೈತೆ ಸಾರ್, ಹಾಲೂ ಕಮ್ಮಿ ಆಗೈತೆ. ಗುಡ್ಡ ಹತ್ತು ಅಂದ್ರೆ ಹತ್ತುತೈತೆ. ನೀರಿಗೆ ಅಂತ ಕೆಳಗಡೆ ಹೊಡ್ಕೊಂಡು ಹೋದ್ರೆ ಕಾಲೂರಿ ನಿಂತ್ಬಿಡ್ತೈತೆ" ಎಂದಳು.

ಸಣ್ಣಗೆ ಜ್ವರವಿತ್ತು. ಹೊಟ್ಟೆಯನ್ನು ಮೇಲೆ ಮೇಲೆ ಒತ್ತಿ ನೋಡಿದೆ. ಇನ್ನೂ ನಾಲ್ಕು ಕಡೆ ಹೋಗಬೇಕಿತ್ತು. "ಮೊಂಡು ಬಿದ್ದೈತೆ, ಅಷ್ಟೇ" ಅಂದೆ.

"ಇಲ್ಲ ಸಾರ್, ಮೊಂಡು ಮಾಡೋ ದನ ಅಲ್ಲ ಇದು. ಇದರ ಸುಳಿ ನೋಡ್ರಿ" ಎಂದು ಅದರ ಹಣೆಯ ಮೇಲೆ ಬೆರಳಿಟ್ಟಳು.

ಸುಳಿ ಎಂಬ ಮಾತು ಕಿವಿಗೆ ಬಿದ್ದದ್ದೇ ತಡ, ಅವಳು ಹೇಳಿದ ಉಳಿದದ್ದೆಲ್ಲ ನನ್ನ ಪಾಲಿಗೆ ಮೂಢನಂಬಿಕೆಯಾಯಿತು. "ಸುಳಿ ಗಿಳಿ ಬಿಡವ್ವಾ. ಮುದ್ದು ಮಾಡಿ ಕೆಡಿಸಿದೀಯ. ಎರಡು ಏಟು ಬಿಟ್ರೆ ತಾನೇ ಇಳಿತೈತೆ" ಎಂದು ಹಸಿವಿನ ಪುಡಿ ಕೊಟ್ಟು ಬೈಕ್ ಹತ್ತಿದೆ.

ತಂತಿಯೋ ಮೊಳೆಯೋ ಹೊಟ್ಟೆಗೆ ಹೋದ ಹಸು ಇಳಿಜಾರು ಇಳಿಯಲು ಹೆದರುತ್ತದೆ. ಇಳಿಯುವಾಗ ಹೊಟ್ಟೆಯ ಭಾರವೆಲ್ಲ ಎದೆಯ ಕಡೆ ಜರುಗಿ ಚುಚ್ಚುತ್ತದೆ. ಇದನ್ನು ಓದಿದ್ದೆ, ಪರೀಕ್ಷೆಯಲ್ಲಿ ಬರೆದೂ ಇದ್ದೆ. ಪ್ರಾಣಿಯ ನಡವಳಿಕೆಯನ್ನು ಮೊದಲು ಗಮನಿಸಬೇಕೆಂದು ತರಬೇತಿಗಳಲ್ಲಿ ಹೇಳಿದಾಗ ಎಲ್ಲರಿಗಿಂತ ಜೋರಾಗಿ ತಲೆಯಾಡಿಸಿದವನೂ ನಾನೇ. ಅದನ್ನೇ ಆ ಹೆಂಗಸು ಎದುರು ನಿಂತು ಹೇಳಿದಾಗ ತಲೆಗೆ ಹೋಗಲಿಲ್ಲ.

ಆರನೆಯ ದಿನ ಹಸು ಸತ್ತಿತು. ಕೊಯ್ದು ನೋಡಿದರೆ ಬೆರಳುದ್ದದ ತಂತಿಯೊಂದು ಗುಂಡಿಗೆಯ ಮಗ್ಗುಲಿಗೆ ಚುಚ್ಚಿಕೊಂಡಿತ್ತು, ಸುತ್ತಲೂ ಕೀವು. ಬೆನ್ನ ಮೇಲೆ ಬಾಸುಂಡೆಗಳಿದ್ದವು.

"ಯಾವತ್ತೂ ಕೈ ಎತ್ತಿದೋಳಲ್ಲ ಸಾರ್. ನೀವು ಹೇಳಿದ್ರಿ ಅಂತ ದಿನಾ ಹೊಡ್ದು ಇಳಿಸ್ದೆ. ನೋವಿಗೇ ನಿಂತ್ಕೊಳ್ತಿತ್ತಾ ಅದು?"

ಹೌದು, ತಪ್ಪು ನನ್ನದು ಅನ್ನಬೇಕಿತ್ತು. ಸುತ್ತ ಹತ್ತು ಜನ ನಿಂತಿದ್ದರು. "ಶೇಂಗಾ ಹೊಟ್ಟಿನಾಗೆ ತಂತಿ ಬಂದೈತೆ. ಮೇವು ನೋಡಿ ಹಾಕ್ಬೇಕಿತ್ತವ್ವಾ" ಅಂದೆ. ಅವಳು ಸೆರಗನ್ನು ಬಾಯಿಗೆ ಒತ್ತಿಕೊಂಡಳು. ನನಗೆ ನಾಚಿಕೆಯಾಯಿತು. ಆದರೂ ಆಡಿದ ಮಾತನ್ನು ಹಿಂದಕ್ಕೆ ತೆಗೆದುಕೊಳ್ಳಲಿಲ್ಲ.

ಈಗ ಅವಳ ಬಳಿ ಬೇರೆ ಹಸುವಿದೆ. ಲಸಿಕೆ ಹಾಕಲು ಹೋದಾಗಲೆಲ್ಲ ಅಂಗಳದಲ್ಲಿ ಕುಳಿತು ಹೊಟ್ಟನ್ನು ಹಿಡಿಹಿಡಿಯಾಗಿ ಬೆರಳಾಡಿಸಿ ನೋಡುತ್ತಿರುತ್ತಾಳೆ. ಹೋದ ತಿಂಗಳು ಪಕ್ಕದ ಮನೆಯವಳಿಗೆ ನನ್ನನ್ನು ತೋರಿಸಿ ಹೇಳಿದಳು: "ನನ್ನ ತಪ್ಪು ತಿಳಿಸಿಕೊಟ್ಟ ಡಾಕ್ಟ್ರು ಇವರೇ ನೋಡವ್ವಾ. ಆ ಹಸೂನ ನಾನೇ ಕೊಂದೆ."

ನಾನು ಸಿರಿಂಜಿಗೆ ಔಷಧಿ ಎಳೆದುಕೊಂಡೆ.