ಹಾಯಿಲ್‌ಗೆ ರೈಲು ಬಂದ ಮೇಲೆ

ಅರಬ್ ನಾಡಿನ ರಾಜಧಾನಿಯ ಒಲಾಯಾ ಬಡಾವಣೆಯ ಕಚೇರಿಯಲ್ಲಿ ಆ ತಿಂಗಳು ನನ್ನ ಪಾಲಿಗೆ ಬಂದ ಕೆಲಸ ಅಮೆರಿಕದ ರೈಲುಗಳದ್ದು. ಬಯಲಲ್ಲಿ ಹಳಿ ಬಿದ್ದದ್ದೇ ತಡ, ಗೋಧಿಗೆ ದೂರದ ಮಾರುಕಟ್ಟೆ ಸಿಕ್ಕಿತು, ರೈಲು ನಿಂತಲ್ಲೆಲ್ಲ ಊರು ಎದ್ದಿತು, ದೇಶ ದೊಡ್ಡದೆಂಬ ಹೆಮ್ಮೆಯೂ ಹಿಂದೆಯೇ ಬಂತು ಎಂದು ಸ್ಲೈಡುಗಳಲ್ಲಿ ಚಂದ ಮಾಡಿ ಬರೆದೆ. ಅಲ್ಲಿಯವರೆಗೆ ಜನರನ್ನು ಹೊತ್ತು ತಿರುಗಿದ ಕುದುರೆಗಾಡಿಯವರು ಏನಾದರು ಎಂದು ಬಾಸ್ ಕೇಳಲಿಲ್ಲ, ನಾನೂ ಬರೆಯಲಿಲ್ಲ.

ಬರೆಯಹೊರಟಿದ್ದರೆ ಕಾಕನ ನೆನಪಾಗುತ್ತಿತ್ತು. ಉಪ್ಪಿನಂಗಡಿ ಕಡೆಯ ಬ್ಯಾರಿ ಕಾಕ, ಇಲ್ಲಿನ ಬತ್ಹಾ ಪೇಟೆಯಿಂದ ದೂರದ ಹಾಯಿಲ್‌ಗೆ ವ್ಯಾನು ಓಡಿಸುವವರು. ಹಾಯಿಲ್‌ನಲ್ಲಿ ನರ್ಸ್ ಆಗಿರುವ ತಂಗಿಯನ್ನು ನೋಡಲು ವರ್ಷಗಟ್ಟಲೆ ಅವರ ವ್ಯಾನಿನಲ್ಲೇ ಹೋಗುತ್ತಿದ್ದೆ. ಒಂಟಿ ಹೆಂಗಸೆಂದು ಮುಂದಿನ ಸೀಟು ನನಗೇ ಮೀಸಲು. ನನಗೆ ತಡವಾದರೆ ಉಳಿದವರ ಬೈಗುಳ ತಿಂದು ಕಾಯುತ್ತಿದ್ದರು. ತಂಗಿಗೆಂದು ಬತ್ಹಾದಲ್ಲಿ ಕೊಂಡ ಕುಚ್ಚಲಕ್ಕಿಯ ಚೀಲವನ್ನು ನನ್ನ ಕೈಗೆ ಕೊಡದೆ ತಾವೇ ಅವಳ ಬಾಗಿಲಿಗೆ ಮುಟ್ಟಿಸುತ್ತಿದ್ದರು.

ಆಮೇಲೆ ರೈಲು ಶುರುವಾಯಿತು. ತಣ್ಣನೆಯ ಬೋಗಿ, ದೊಡ್ಡ ಕಿಟಕಿ, ಹೊರಗೆ ಕೆಂಪು ಮರಳು. ಸುಖಕ್ಕೆ ಸೋಲಲು ನನಗೆಷ್ಟು ಹೊತ್ತು! "ಈ ಸಲ ಆಫೀಸಲ್ಲಿ ತುಂಬ ಕೆಲಸ ಉಂಟು ಕಾಕಾ, ಹೋಗುದಿಲ್ಲ" ಎಂದು ಫೋನಿನಲ್ಲಿ ಸುಳ್ಳು ಹೇಳಿ ಟಿಕೆಟ್ ಮಾಡಿಸಿದೆ. ರೈಲಿಗೆ ಯಾರು ಹೊರುವುದೆಂದು ಅಕ್ಕಿಯನ್ನೂ ಬಿಟ್ಟೆ.

ಹಾಯಿಲ್ ತಲುಪಿದ ಮರುದಿನ ತಂಗಿಯ ಮನೆಯಲ್ಲಿ ಚಹಾ ಕುಡಿಯುತ್ತಿದ್ದಾಗ ಬೆಲ್ ಆಯಿತು. ತಂಗಿ ಬಾಗಿಲು ತೆರೆದಳು. ಕಾಕ, ಹೆಗಲ ಮೇಲೆ ಅಕ್ಕಿಚೀಲ.

"ಅಕ್ಕನಿಗೆ ಪುರುಸೊತ್ತಿಲ್ಲಂತೆ ಮಗಾ. ನಿನ್ನ ಅಕ್ಕಿ ಮುಗಿದಿರ್ಬಹುದು ಅಂತ ನಾನೇ ತಂದೆ."

ಅಡಗೋಣವೆಂದರೆ ನನ್ನ ಚಪ್ಪಲಿ ಅವರ ಕಾಲ ಬುಡದಲ್ಲೇ ಇತ್ತು, ವ್ಯಾನಿನಲ್ಲಿ ಅವರು ಎಷ್ಟೋ ಸಲ ನೋಡಿದ ಚಪ್ಪಲಿ. ಎದ್ದು ಹೋಗಿ ಎದುರು ನಿಂತೆ. ನಾಚಿಕೆಯಿಂದ ಮುಖ ಎತ್ತಲಾಗಲಿಲ್ಲ. ಬೈದಿದ್ದರೆ ಎಷ್ಟೋ ಹಗುರವಾಗುತ್ತಿತ್ತು.

"ರೈಲಲ್ಲಿ ಬಂದದ್ದಾ? ಒಳ್ಳೆದಾಯ್ತು. ಸೊಂಟ ನೋಯುದಿಲ್ಲ ಅಲ್ವಾ?" ಎಂದರು.

ವ್ಯಾನಿಗೆ ಜನ ಸಿಗುತ್ತಾರಾ ಎಂದು ತಂಗಿ ಕೇಳಿದಳು.

"ಇಬ್ಬರು ಇದ್ರು, ಅರ್ಧ ದಾರಿಯಲ್ಲಿ ಬುರೈದಾದಲ್ಲಿ ಇಳಿದ್ರು. ನಾನೂ ಅಲ್ಲಿಂದಲೇ ತಿರುಗಿಸ್ತಿದ್ದೆ ಮಾರಾಯ್ತಿ. ಅಕ್ಕಿ ಇತ್ತಲ್ಲ ಅಂತ ಬಂದೆ."

ಮೆಟ್ಟಿಲು ಇಳಿಯುವಾಗ ತಿರುಗಿ ನನ್ನನ್ನು ನೋಡಿದರು. "ವಾಪಸ್ ಹೋಗ್ಲಿಕ್ಕೆ ಮುಂದಿನ ಸೀಟು ಖಾಲಿ ಉಂಟು."

"ಟಿಕೆಟ್ ಆಗಿದೆ ಕಾಕಾ" ಎಂದೆ. ಅದು ಮಾತ್ರ ನಿಜವಾಗಿತ್ತು.

ರಾತ್ರಿ ಅವರು ತಂದ ಅಕ್ಕಿಯ ಗಂಜಿಯನ್ನೇ ಉಂಡೆವು. ಬೆಳಿಗ್ಗೆ ನಾನು ರೈಲಿನಲ್ಲೇ ಮರಳಿದೆ.