ಕೆಳಗಿಟ್ಟ ಕ್ಯಾಮೆರಾ

ಮೂರ್ಛೆರೋಗದ ಬಗ್ಗೆ ಸಾಕ್ಷ್ಯಚಿತ್ರ ಮಾಡುವಾಗ ಚಿಗಳ್ಳಿಯಲ್ಲಿ ಬಟ್ಟೆ ಹೊಲಿಯುವ ಒಬ್ಬ ಹೆಣ್ಣುಮಗಳ ಮನೆಯಲ್ಲಿ ನಾಲ್ಕು ದಿನ ಕೂತಿದ್ದೆ. ಅವಳಿಗೆ ವಾರಕ್ಕೊಮ್ಮೆಯಾದರೂ ಫಿಟ್ಸ್ ಬರುತ್ತಿತ್ತು. ಅದನ್ನು ಚಿತ್ರೀಕರಿಸಲು ಅವಳೇ ಒಪ್ಪಿದ್ದಳು. ಅವಳು ಹೊಲಿಗೆ ನಿಲ್ಲಿಸಿ ಸುಮ್ಮನೆ ಕಿಟಕಿಯತ್ತ ನೋಡಿದರೂ ಸಾಕು, ನನ್ನ ಕೈ ಕ್ಯಾಮೆರಾದತ್ತ ಹೋಗುತ್ತಿತ್ತು. ಇನ್ನೊಬ್ಬರ ಸಂಕಟಕ್ಕಾಗಿ ಕಾಯುತ್ತಿದ್ದೇನಲ್ಲ ಎಂದು ನಾಚಿಕೆಯಾಗುತ್ತಿತ್ತು. ಆದರೂ ಗಡಿಯಾರ ನೋಡುವುದನ್ನು ಬಿಡಲಾಗಲಿಲ್ಲ.

ನಾಲ್ಕನೆಯ ದಿನ ಮಧ್ಯಾಹ್ನ ಅದು ಬಂತು. ಕೈಯಲ್ಲಿದ್ದ ಕತ್ತರಿ ಜಾರಿ, ಅವಳು ನೆಲಕ್ಕೆ ಬಿದ್ದಳು. ನಾನು ಕ್ಯಾಮೆರಾ ಕೆಳಗಿಟ್ಟು ಓಡಿದೆ. ಅವಳ ಅತ್ತೆ ಕತ್ತರಿಯನ್ನು ದೂರ ಸರಿಸಿದರು. ನಾನು ಅವಳನ್ನು ಪಕ್ಕಕ್ಕೆ ಹೊರಳಿಸಿ, ತಲೆಯ ಕೆಳಗೆ ಬಟ್ಟೆ ಇಟ್ಟೆ.

ಪೂರ್ತಿ ಎಚ್ಚರವಾದ ಮೇಲೆ ಅವಳು ಕೇಳಿದ ಮೊದಲ ಮಾತು, "ತಗದ್ರೇನ್ರಿ?"

"ಇಲ್ಲವ್ವಾ, ಮನಸ್ಸಾಗ್ಲಿಲ್ಲ" ಎಂದೆ, ಸ್ವಲ್ಪ ಹೆಮ್ಮೆಯಿಂದಲೇ.

ಅವಳ ಮುಖ ಸಪ್ಪಗಾಯಿತು. "ಓಣಿ ಮಂದಿ ಎಲ್ಲಾ ನೋಡ್ಯಾರ್ರಿ. ನಾ ಒಬ್ಬಾಕೀನ ನೋಡಿಲ್ಲ. ಹೆಂಗ ಬರ್ತೈತಿ ಅಂತ ಡಾಕ್ಟರು ಕೇಳಿದ್ರ ಏನ್ ಹೇಳ್ಲಿ? ಅದಕ್ಕ ನಿಮಗ ಹ್ಞೂಂ ಅಂದಿದ್ದೆ."

ಮರುದಿನ ಅವಳ ಅತ್ತೆಗೆ ಮೊಬೈಲಿನಲ್ಲಿ ವಿಡಿಯೋ ಮಾಡುವುದನ್ನು ಕಲಿಸಿ ಬಂದೆ. ಮುಂದಿನ ಸಲ ಅವರು ತೆಗೆದದ್ದನ್ನು ನೋಡಿ ಹುಬ್ಬಳ್ಳಿಯ ಡಾಕ್ಟರು ಮಾತ್ರೆ ಬದಲಿಸಿದರಂತೆ. ಅದನ್ನು ಹೇಳಲೆಂದು ಅವಳು ಫೋನ್ ಮಾಡಿದ್ದಳು.

"ನಾನೂ ನೋಡಿದೆರಿ" ಎಂದಳು. "ನಾ ಅಂಜಿದಷ್ಟ ಏನಿಲ್ಲ ಬಿಡ್ರಿ."