ಮೂರನೆಯ ಸಲ ಬಿದ್ದದ್ದು

ತಾವು ನಟಿಸಿದ ಸಿನಿಮಾ ಹಾಕಿದರೆ ಲ್ಯೂಬಮ್ಮ ಟೀವಿಯ ಕಡೆ ನೋಡುತ್ತಿರಲಿಲ್ಲ. ಕುರ್ಚಿಯನ್ನು ಇತ್ತ ತಿರುಗಿಸಿಕೊಂಡು ನೋಡುವವರ ಮುಖ ನೋಡುತ್ತಿದ್ದರು. ನಕ್ಕವರಿಗೆ ಗ್ರಹಚಾರ ಬಿಡಿಸುತ್ತಿದ್ದರು.

ಈ ಪರದೇಶದ ನ್ಯೂಮಾರ್ಕೆಟ್ ಊರಿನ ಸೀನಿಯರ್ಸ್ ಹೋಮಿನಲ್ಲಿ ನಾನು ಅವರ ಸ್ನಾನ, ಬಟ್ಟೆ, ಊಟ ನೋಡಿಕೊಳ್ಳುತ್ತಿದ್ದೆ. ಸೋವಿಯೆತ್ ಕಾಲದಲ್ಲಿ ಅವರು ದೊಡ್ಡ ಹಾಸ್ಯನಟಿ. ಹೆಸರು ಲ್ಯೂಬಾ, ಅಮ್ಮ ಎಂದು ಸೇರಿಸಿದ್ದು ಉಡುಪಿಯವಳಾದ ನಾನು. ಅವರ ಇಂಗ್ಲಿಷೂ ನನ್ನದರಂತೆ ಹರಕು ಮುರುಕಾಗಿದ್ದರಿಂದ ನಮ್ಮ ನಡುವೆ ಮಾತಿಗೆ ತೊಂದರೆಯಿರಲಿಲ್ಲ.

ಕೆಲಸಕ್ಕೆ ಸೇರಿದ ವಾರವೇ ನನಗೂ ಆ ಸೀನು ತೋರಿಸಿದರು. ಕ್ಯಾಂಟೀನಿನ ಅಡುಗೆಯವಳು ಸೂಪಿನ ಪಾತ್ರೆ ಹಿಡಿದು ಏಣಿ ಹತ್ತುತ್ತಾಳೆ, ಜಾರುತ್ತಾಳೆ, ಬ್ಯಾಂಡಿನ ಸದ್ದಿನೊಂದಿಗೆ ದೊಪ್ಪನೆ ಬೀಳುತ್ತಾಳೆ. ನಾನು ಹೊಟ್ಟೆ ಹಿಡಿದುಕೊಂಡು ನಕ್ಕೆ. ಅವರು ಟೀವಿ ಆರಿಸಿದರು.

“ನಗು ಬಂತಾ? ಮೊದಲ ಎರಡು ಸಲ ಕೆಳಗೆ ಹಾಸಿಗೆ ಇತ್ತು. ಮೂರನೇ ಸಲ ಹಾಸೋದು ಮರೆತರು. ನೀನು ನೋಡಿದ್ದು ಮೂರನೇದು. ಈ ಕೈ ಮುರಿದದ್ದು ಆಗಲೇ. ನಾನು ಕಿರುಚಿದರೆ ಡೈರೆಕ್ಟರು ‘ಅದ್ಭುತ!’ ಅಂದ. ಕಿರುಚಿದ್ದು ಕೇಳಿಸದ ಹಾಗೆ ಅದರ ಮೇಲೆ ಬ್ಯಾಂಡಿನ ಸದ್ದು ಹಾಕಿದ.”

ಒಂದು ವಾರ ಆ ಸೊಟ್ಟ ಮಣಿಕಟ್ಟನ್ನು ಮುಟ್ಟಲು ಬಿಡಲಿಲ್ಲ. ತಾವೇ ಸೋಪು ಹಚ್ಚಿಕೊಂಡರು. ಸಿಟ್ಟು ಇಳಿದ ಮೇಲೆ ಉಳಿದದ್ದು ಹೇಳಿದರು.

“ಆಮೇಲೆ ಇಪ್ಪತ್ತು ಸಿನಿಮಾ. ಇಪ್ಪತ್ತರಲ್ಲೂ ಬೀಳಿಸಿದರು. ಮದುಮಗಳಾಗಿ ಬಿದ್ದೆ, ನರ್ಸಾಗಿ ಬಿದ್ದೆ. ಒಮ್ಮೆ ಆ ಡೈರೆಕ್ಟರನ ಹತ್ತಿರ ವಿಧವೆಯ ಪಾತ್ರ ಕೇಳಿದೆ. ‘ನೀನು ಬಾಗಿಲಲ್ಲಿ ನಿಂತರೆ ಸಾಕು, ಯಾವಾಗ ಬೀಳ್ತಾಳೆ ಅಂತ ಜನ ಕಾಯ್ತಾರೆ’ ಅಂದ. ಕತ್ತೆ!”

ಈ ‘ಕತ್ತೆ’ ನಾನೇ ಕಲಿಸಿದ್ದು. ಅವರ ಬಾಯಲ್ಲಿ ಅದು ಬಹಳ ಚೆನ್ನಾಗಿತ್ತು.

ಮಗ ಕ್ಲೈನ್‌ಬರ್ಗಿನಿಂದ ಪ್ರತಿ ಭಾನುವಾರ ತಪ್ಪದೆ ಅವರನ್ನು ನೋಡಲು ಬರುತ್ತಿದ್ದ. ಅವನಿಗೆ ಕೈಯ ವಿಷಯ ಹೇಳಲಿಲ್ಲವೇ ಎಂದು ಕೇಳಿದೆ.

“ನಾಲ್ಕು ವರ್ಷದವನಿದ್ದಾಗ ಸಿನಿಮಾದಲ್ಲಿ ನಾನು ಬಿದ್ದದ್ದು ನೋಡಿ ಚಪ್ಪಾಳೆ ತಟ್ಟಿದ. ‘ಇನ್ನೊಂದು ಸಲ, ಅಮ್ಮ’ ಅಂದ. ಅವನಿಗೆ ಏನಂತ ಹೇಳಲಿ? ನೀನೂ ಹೇಳಬೇಡ.”

ಕಳೆದ ಚಳಿಗಾಲದಲ್ಲಿ ಲ್ಯೂಬಮ್ಮ ಹೋದರು. ಬ್ರ್ಯಾಂಪ್ಟನ್ನಿನ ನಮ್ಮ ಮನೆಯಿಂದ ಗಂಡನೇ ಕಾರಿನಲ್ಲಿ ಶ್ರದ್ಧಾಂಜಲಿಗೆ ಕರೆದೊಯ್ದರು. ಹೂವಿನ ನಡುವೆ ದೊಡ್ಡ ಪರದೆ. ಅದೇ ಸೀನು! ಇಪ್ಪತ್ತೊಂದು ಸಿನಿಮಾದಲ್ಲಿ ಇದನ್ನು ಹಾಕಿದವರಿಗೆ ಬೇರೊಂದು ಚೂರೂ ಸಿಗಲಿಲ್ಲವೇ? ನನಗೆ ಮೈಯೆಲ್ಲ ಉರಿಯಿತು. ಕುರ್ಚಿಯನ್ನು ಸದ್ದಾಗುವಂತೆ ತಿರುಗಿಸಿ, ಪರದೆಗೆ ಬೆನ್ನು ಹಾಕಿ, ಅವರಂತೆಯೇ ಒಬ್ಬೊಬ್ಬರ ಮುಖ ನೋಡಿದೆ. ಎಲ್ಲರೂ ನಗುತ್ತಿದ್ದರು. ನನ್ನ ಗಂಡನೂ.

“ಎಂತ ಮಾರಾಯ್ತಿ, ಒಂದು ಕಾಮಿಡಿ ಸೀನಿಗೆ ಇಷ್ಟು ಸಿಟ್ಟಾ? ಸರಿಯಾಗಿ ಕೂತ್ಕೋ.”

“ನೀವು ಸುಮ್ಮನಿರಿ.”

ಮುಗಿದ ಮೇಲೆ ಮಗ ನೇರ ನನ್ನ ಬಳಿಗೇ ಬಂದ. ಅರವತ್ತು ದಾಟಿದವನು. ಕೆನ್ನೆ ಒದ್ದೆ, ಮುಖದ ತುಂಬ ನಗು.

“ನೀವು ನೋಡಲೇ ಇಲ್ಲವಲ್ಲ! ಅಮ್ಮ ಹೇಗೆ ಬೀಳ್ತಿದ್ದಳು!”

ಹೇಳಿಬಿಡಲೆಂದೇ ಬಾಯಿ ತೆರೆದೆ. ಅವನು ಚಪ್ಪಾಳೆ ತಟ್ಟುವ ಮಗುವಿನಂತೆಯೇ ನಿಂತಿದ್ದ. ಹಲ್ಲು ಕಚ್ಚಿಕೊಂಡು ಅಂದೆ, “ಹೌದು. ತುಂಬಾ ಚೆನ್ನಾಗಿ ಬೀಳುತ್ತಿದ್ದರು.”

ಕಾರಿನಲ್ಲಿ ಕುಳಿತು ಬಾಗಿಲು ಎಳೆದುಕೊಂಡ ಮೇಲೆ “ಕತ್ತೆ!” ಎಂದು ಕೂಗಿದೆ.

“ಯಾರಿಗೆ?” ಗಂಡ ಗಾಬರಿಯಾದರು.

ಆ ಡೈರೆಕ್ಟರನಿಗೆ ಎಂದು ಹೇಳಬಹುದಿತ್ತು.

“ನನಗೆ” ಅಂದೆ.